ಅದೇ ಕುರ್ಚಿ, ಬೇರೆ ಕಾನೂನು



ತಿಂಗಳ ಕೊನೆಯ ದಿನ ನಿವೃತ್ತರಾಗುವ ಸಹೋದ್ಯೋಗಿಯನ್ನು ಮೈಸೂರು ಪೇಟ ತೊಡಿಸಿ, ಶಾಲು ಹೊದಿಸಿ ಬೀಳ್ಕೊಡುತ್ತೇವೆ. ಮರುದಿನ ಅದೇ ವ್ಯಕ್ತಿ ಅದೇ ಕುರ್ಚಿಯಲ್ಲಿ ಕೂತು ಅದೇ ಕಡತ ಬಿಚ್ಚುತ್ತಾರೆ. ಈಗ ಅವರು ‘ಸಲಹೆಗಾರರು’. ಸಂಬಳ ಹೋಗಿ ಸಂಭಾವನೆ ಬಂದಿದೆ. ಹಣ ಸರಿಯಾಗಿ ಬರುವ ತನಕ ಈ ಪದ ಬದಲಾದದ್ದನ್ನು ಯಾರೂ ಗಮನಿಸುವುದಿಲ್ಲ. ನಾಲ್ಕು ತಿಂಗಳ ಬಾಕಿ ನಿಂತಾಗ ಇಡೀ ವ್ಯಾಜ್ಯ ಆ ಒಂದು ಪದದ ಸುತ್ತಲೇ ತಿರುಗುತ್ತದೆ.

ಇವರು ನೌಕರರೋ, ಸ್ವತಂತ್ರ ವೃತ್ತಿಪರರೋ? ಧ್ರಾಂಗಧ್ರಾ ಕೆಮಿಕಲ್ ವರ್ಕ್ಸ್ ಪ್ರಕರಣದಲ್ಲಿ ಉಪ್ಪು ತಯಾರಿಸುವ ಅಗರಿಯಾಗಳು ಸ್ವತಂತ್ರ ಗುತ್ತಿಗೆದಾರರೆಂದು ಮಾಲೀಕರು ವಾದಿಸಿದ್ದರು. ಕೆಲಸ ಹೇಗೆ ನಡೆಯಬೇಕೆಂದು ಹೇಳುವ ಅಧಿಕಾರ ಯಾರದ್ದು ಎಂದು ನೋಡಿದ ಸುಪ್ರೀಂ ಕೋರ್ಟ್ ಅವರನ್ನು ಕಾರ್ಮಿಕರೆಂದೇ ಎಣಿಸಿತು. ನಿಯಂತ್ರಣವೊಂದೇ ಸಾಲದು, ಸಂಬಂಧದ ಎಲ್ಲ ಮುಖಗಳನ್ನೂ ನೋಡಬೇಕು ಎಂಬ ನಿಲುವು ಆಮೇಲೆ ಬೆಳೆಯಿತು. ಸಂಭಾವನೆಯನ್ನು ವೃತ್ತಿ ಶುಲ್ಕವೆಂದು ಎಣಿಸಿ ಆದಾಯ ತೆರಿಗೆ ಕಡಿತ ಮಾಡಿದ್ದರೆ ಅದೊಂದು ಪುರಾವೆ ಅಷ್ಟೆ. ಬೆರಳಚ್ಚಿನ ಹಾಜರಿ, ರಜೆಗೆ ಬೇಕಾದ ಅನುಮತಿ, ಮೇಲಧಿಕಾರಿಯ ದಿನನಿತ್ಯದ ಸೂಚನೆ ಇವೂ ಪುರಾವೆಗಳೇ.

ಉತ್ತರ ಯಾವುದೋ ಅದರಂತೆ ಬಾಗಿಲು. 2025ರ ನವೆಂಬರ್ 21ರಿಂದ ಜಾರಿಗೆ ಬಂದ ವೇತನ ಸಂಹಿತೆ ನೌಕರರಿಗೆ ಬಾಕಿ ಕೇಳಲು ಮೂರು ವರ್ಷಗಳ ಅವಕಾಶ ಕೊಡುತ್ತದೆ. ವೃತ್ತಿಪರರು ಸಿವಿಲ್ ನ್ಯಾಯಾಲಯಕ್ಕೋ, ಕರಾರಿನಲ್ಲಿ ಬರೆದಿದ್ದರೆ ಮಧ್ಯಸ್ಥಿಕೆಗೋ ಹೋಗಬೇಕು. ಉದ್ಯಮ್ ನೋಂದಣಿ ಮೊದಲೇ ಮಾಡಿಸಿದ್ದರೆ 2006ರ ಸಣ್ಣ ಉದ್ಯಮಗಳ ಕಾಯ್ದೆಯ 45 ದಿನಗಳ ಗಡುವು ನೆರವಿಗೆ ಬರಬಹುದು. ಸರ್ಕಾರಿ ಕಚೇರಿ ‘ಲಿಖಿತ ಕರಾರೇ ಇಲ್ಲ’ ಎಂದು ಕೈಚೆಲ್ಲಿದರೆ? ಪುಕ್ಕಟೆಯಾಗಿ ಮಾಡದ ಕೆಲಸದ ಲಾಭ ಪಡೆದವರು ಅದಕ್ಕೆ ಪರಿಹಾರ ಕೊಡಬೇಕು ಎನ್ನುತ್ತದೆ 1872ರ ಕರಾರು ಕಾಯ್ದೆಯ 70ನೇ ಸೆಕ್ಷನ್. ಅದು ಸರ್ಕಾರಕ್ಕೂ ಅನ್ವಯಿಸುತ್ತದೆ ಎಂದು ಬಿ.ಕೆ. ಮಂಡಲ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಆರು ದಶಕಗಳ ಹಿಂದೆಯೇ ಹೇಳಿದೆ.

ಇಷ್ಟು ಬಾಗಿಲುಗಳಿದ್ದರೂ ಹಿರಿಯರು ತಟ್ಟುವುದು ತಡವಾಗಿ. ಕಾರಣ ಕಾನೂನಿನಲ್ಲಿಲ್ಲ, ದಾಕ್ಷಿಣ್ಯದಲ್ಲಿದೆ. ಬಿಲ್ಲಿಗೆ ಸಹಿ ಹಾಕಬೇಕಾದವರು ನಿನ್ನೆಯವರೆಗೆ ಇವರ ಕೈಕೆಳಗೆ ಕೆಲಸ ಕಲಿತವರು. ‘ಬಿಲ್ ಮೇಲಕ್ಕೆ ಹೋಗಿದೆ ಸಾರ್, ನೋಡೋಣ’ ಎಂದು ಅವರು ಕಾಫಿ ತರಿಸುತ್ತಾರೆ. ಅಂಥವರಿಗೆ ವಕೀಲರ ನೋಟಿಸ್ ಕಳಿಸುವುದು ಹೇಗೆ? ಹೀಗೆ ವರ್ಷಗಳು ಸರಿಯುತ್ತವೆ. ಸಿವಿಲ್ ದಾವೆಗಿರುವ ಮೂರು ವರ್ಷಗಳ ಕಾಲಮಿತಿ ಕಾಫಿಯ ಲೋಟದಲ್ಲೇ ಕರಗುತ್ತದೆ. ಕಾಲಮಿತಿ ಮುಗಿಯುವ ಮುನ್ನ ‘ಬಾಕಿ ಇರುವುದು ನಿಜ’ ಎಂಬ ಒಂದು ಸಾಲನ್ನು ಸಹಿಯೊಂದಿಗೆ ಬರೆಸಿಕೊಂಡಿದ್ದರೆ ಲೆಕ್ಕ ಹೊಸದಾಗಿ ಶುರುವಾಗುತ್ತಿತ್ತು. ಆ ಸಾಲನ್ನು ಕೇಳಲೂ ಸಂಕೋಚ.

ಆದ್ದರಿಂದ ಈ ವಿಷಯದ ಮೇಲೆ ಇಂದು ನಡೆಯುವ ಗೋಷ್ಠಿಗಳು ತೀರ್ಪುಗಳ ಜೊತೆಗೆ ಕಾಗದದ ಕಡೆಗೂ ಗಮನ ಕೊಡಲಿ ಎಂಬುದು ನನ್ನ ಆಶಯ. ಅವಧಿ, ಮೊತ್ತ, ಬಿಲ್ ಪಾವತಿಯ ದಿನ, ಅವಧಿ ವಿಸ್ತರಣೆಯ ವಿಧಾನ ಇವಿಷ್ಟನ್ನು ಹೇಳುವ ಒಂದು ಪುಟದ ಮಾದರಿ ಕರಾರು ಸಂಜೆಯೊಳಗೆ ಸಿದ್ಧವಾಗಲಿ. ಸಂಸ್ಥೆಗಳ ಮುಖ್ಯಸ್ಥರಲ್ಲಿ ನನ್ನ ವಿನಂತಿ ಇಷ್ಟೆ: ಪೇಟ ತೊಡಿಸಿದ ಕೈಯಿಂದಲೇ ಆ ಪುಟಕ್ಕೂ ಸಹಿ ಹಾಕಿ ಕೊಡಿ.