ಹತ್ತು ಮೈಲಿಯ ಚಿನ್ನದ ರೈಲು ದಾರಿ

(ಹನುಮಂತನಗರದಲ್ಲಿ ಪಶುವೈದ್ಯ ವಿಸ್ತರಣಾಧಿಕಾರಿಗಳು ಮಾಡಿದ ಭಾಷಣದ ಪಠ್ಯ)



ಬೆಂಗಳೂರಿನಿಂದ ಜೋಲಾರಪೇಟೆಯ ಕಡೆಗೆ ರೈಲಿನಲ್ಲಿ ಹೋದವರಿಗೆಲ್ಲ ಬಂಗಾರಪೇಟೆ ಗೊತ್ತು. ಹಿಂದೆ ಇದು ಮೈಸೂರಿನ ಕಮಿಷನರ್ ಬೌರಿಂಗ್ ಅವರ ಹೆಸರಿನ ಬೌರಿಂಗ್‌ಪೇಟೆ. ಇಲ್ಲಿಂದ ಒಂದು ಕವಲು ದಾರಿ ಕೋರಮಂಡಲ್, ಊರಿಗಾಂ, ಚಾಂಪಿಯನ್ ದಾಟಿ ಮಾರಿಕುಪ್ಪಂನಲ್ಲಿ ಮುಗಿಯುತ್ತದೆ. ಉದ್ದ ಸುಮಾರು 10 ಮೈಲಿ, ಅಂದರೆ 16 ಕಿಲೋಮೀಟರ್ ಮಾತ್ರ. ಈ ಪುಟ್ಟ ದಾರಿಯ ಕಥೆಯಲ್ಲಿ ನಮ್ಮ ಸಂಘಗಳಿಗೂ ಒಂದು ಪಾಠವಿದೆ.

ಮದರಾಸಿನ ಕಡೆಯಿಂದ ಬೆಂಗಳೂರು ದಂಡಿಗೆ ರೈಲು ಬಂದದ್ದು 1864ರಲ್ಲಿ. 1880ರ ದಶಕದಲ್ಲಿ ಜಾನ್ ಟೇಲರ್ ಕಂಪನಿಯವರು ಕೋಲಾರದಲ್ಲಿ ಚಿನ್ನ ಕಂಡರು. ಗಣಿಗೆ ಯಂತ್ರ, ಕಲ್ಲಿದ್ದಲು, ಆಸರೆಯ ಮರ ಎಲ್ಲವೂ ಬೇಕಿತ್ತು. ಶಿವನಸಮುದ್ರದ ವಿದ್ಯುತ್ ಬಂದದ್ದು 1902ರಲ್ಲಿ. ಅಲ್ಲಿಯವರೆಗೆ ಹಬೆಯಂತ್ರಗಳೇ ಗತಿ. ಆದ್ದರಿಂದ ದಿವಾನ್ ಶೇಷಾದ್ರಿ ಅಯ್ಯರ್ ಅವರ ಕಾಲದಲ್ಲಿ, 1894ರಲ್ಲಿ, ಮೈಸೂರು ಸರ್ಕಾರದ ಈ ಕವಲು ದಾರಿ ಆರಂಭವಾಯಿತು. ಓಡಿಸುವ ಹೊಣೆ ಮದ್ರಾಸ್ ರೈಲ್ವೆಯದು.

ಒಂದು ಅಂಶ ಗಮನಿಸಿ. ಬೆಂಗಳೂರು-ಮೈಸೂರು ದಾರಿ ಆಗ ಮೀಟರ್ ಗೇಜ್. ಆದರೆ ಇದನ್ನು ಮದರಾಸಿನ ದಾರಿಯಂತೆ ಬ್ರಾಡ್ ಗೇಜ್ ಮಾಡಿದರು. ಬಂದ ವ್ಯಾಗನ್ ನೇರವಾಗಿ ಗಣಿಯ ಬಾಗಿಲಿಗೆ ಹೋಗಬೇಕು, ನಡುವೆ ಸಾಮಾನು ಇಳಿಸಿ ಏರಿಸುವಂತಿರಬಾರದು. ಹಾಲನ್ನೂ ಪಾತ್ರೆಯಿಂದ ಪಾತ್ರೆಗೆ ಸುರಿದಷ್ಟೂ ಕೆಡುವ ಭಯ ಹೆಚ್ಚು ಎಂಬುದು ತಮಗೆ ತಿಳಿದದ್ದೇ.

2001ರ ಫೆಬ್ರವರಿ 28ರಂದು ಗಣಿ ಮುಚ್ಚಿತು. ಸಾವಿರಾರು ಮನೆಗಳ ಅನ್ನದ ದಾರಿ ನಿಂತಿತು. ರೈಲು ಮಾತ್ರ ನಿಲ್ಲಲಿಲ್ಲ. ಚಿನ್ನಕ್ಕಾಗಿ ಹಾಕಿದ ಕಂಬಿಯ ಮೇಲೆ ಅಲ್ಲಿಯ ಜನ ದುಡಿಮೆಗಾಗಿ ನಿತ್ಯ ಬೆಂಗಳೂರಿಗೆ ಬಂದು ಹೋಗುತ್ತಿದ್ದಾರೆ. ಬೆಳಗಿನ ಜಾವ ಹತ್ತಿದವರು ರಾತ್ರಿ ಮನೆ ಸೇರುತ್ತಾರೆ. ದಿನವೂ ಹತ್ತುವ ಜನರಿದ್ದುದರಿಂದಲೇ ದಾರಿ ಉಳಿಯಿತು.

ತಮ್ಮ ಊರಿನ ಸಂಘವೂ ಇಂಥ ಒಂದು ಕವಲು. ಅದರ ಕಟ್ಟಡ, ಫಲಕಗಳಿಂದ ಹಾಲಿನ ವಾಹನ ಬರುವುದಿಲ್ಲ. ಎರಡು ಹೊತ್ತೂ ತಪ್ಪದೆ ಬರುವ ಹಾಲಿನಿಂದ ಬರುತ್ತದೆ. ಹೆಚ್ಚು ಬೆಲೆ ಆಸೆಗೆ ನಾಲ್ಕು ದಿನ ಹೊರಗೆ ಹಾಲು ಮಾರಿ, ಐದನೆಯ ದಿನ ಸಂಘಕ್ಕೆ ತಂದರೆ ಮಾರ್ಗ ಉಳಿಯುವುದು ಕಷ್ಟ. ಎರಡೇ ಲೀಟರಾದರೂ ಸರಿ, ಶುದ್ಧ ಹಾಲನ್ನು ವೇಳೆಗೆ ಸರಿಯಾಗಿ ತಂದು ಹಾಕಿ ಎಂದು ಕೋರುತ್ತೇನೆ.