ಹಿಂದಿನ ಸಾಲಿಗೂ ಹೆಸರಿದೆ



ಸಿನಿಮಾ ಹಾಡು ಅಂದರೆ ಹಾಡಿದವರು, ಬರೆದವರು, ರಾಗ ಹಾಕಿದವರು ನಮಗೆ ತಟ್ಟನೆ ನೆನಪಾಗುತ್ತಾರೆ. ಪಲ್ಲವಿ ಮುಗಿದು ಚರಣ ಶುರುವಾಗುವ ಮುನ್ನ ಬರುವ ಕೊಳಲಿನ ಬಿಟ್ ಕೂಡ ನಮಗೆ ಬಾಯಿಪಾಠ. ಅದನ್ನು ನುಡಿಸಿದವರು ಯಾರು ಎಂದರೆ ಮಾತ್ರ ಉತ್ತರವಿಲ್ಲ.

ದಶಕಗಳ ಕಾಲ ಕನ್ನಡದ ಹಾಡುಗಳು ಹೆಚ್ಚಾಗಿ ಧ್ವನಿಮುದ್ರಣವಾದದ್ದು ಮದ್ರಾಸಿನ ಸ್ಟುಡಿಯೊಗಳಲ್ಲಿ. ಪಿಟೀಲಿನವರು ಸಾಲಾಗಿ ಕೂರುತ್ತಿದ್ದರು, ತಬಲಾ, ಡೋಲಕ್ ಬೇರೆ ಮೈಕಿನ ಮುಂದೆ, ಗಾಯಕರು ಗಾಜಿನ ಕೋಣೆಯಲ್ಲಿ. ಆಗಷ್ಟೇ ಕೈಗೆ ಬಂದ ನೊಟೇಷನ್ ನೋಡಿಕೊಂಡು ಕೆಲವು ರಿಹರ್ಸಲ್, ಆಮೇಲೆ ಟೇಕ್. ಹಾಡಿನ ಕೊನೆಯಲ್ಲಿ ಒಬ್ಬರ ಕಮಾನು ಜಾರಿದರೂ ಎಲ್ಲರೂ ಮೊದಲಿಂದ ನುಡಿಸಬೇಕಿತ್ತು. ಹಿನ್ನೆಲೆ ಸಂಗೀತದ ರೀ-ರೆಕಾರ್ಡಿಂಗಿನಲ್ಲಂತೂ ಪರದೆಯ ಮೇಲೆ ದೃಶ್ಯ ಓಡುತ್ತಿರುವಾಗಲೇ, ನಾಯಕಿ ಬಾಗಿಲು ತೆರೆಯುವ ಕ್ಷಣಕ್ಕೆ ಸರಿಯಾಗಿ ಇಡೀ ವಾದ್ಯವೃಂದ ದನಿಗೂಡಬೇಕಿತ್ತು. ಅಂಥ ಏಕಾಗ್ರತೆಗೆ ಎಷ್ಟು ವರ್ಷದ ಸಾಧನೆ ಬೇಕು, ಯೋಚಿಸಿ.

ಈ ವಾದಕರ ಸಾಲಿನಿಂದಲೇ ದೊಡ್ಡ ಸಂಗೀತ ನಿರ್ದೇಶಕರು ಎದ್ದುಬಂದರು. ಉಪೇಂದ್ರ ಕುಮಾರ್ ಮೊದಲು ಸಿತಾರ್ ವಾದಕರು. ಇಳಯರಾಜ ಅವರು ಸಂಗೀತ ನಿರ್ದೇಶಕ ಜಿ.ಕೆ. ವೆಂಕಟೇಶ್ ಅವರ ಬಳಿ ಗಿಟಾರ್ ನುಡಿಸುತ್ತ, ಸಹಾಯಕರಾಗಿ ದುಡಿದವರು. ಅದೇ ವೆಂಕಟೇಶರ ಸಹಾಯಕರಾಗಿದ್ದ ಪಿಟೀಲು ವಾದಕ ಎಲ್. ವೈದ್ಯನಾಥನ್, 1986ರಲ್ಲಿ ದೂರದರ್ಶನದಲ್ಲಿ ಬಂದ ಶಂಕರ್‌ನಾಗ್ ಅವರ ‘ಮಾಲ್ಗುಡಿ ಡೇಸ್’ಗೆ ಸಂಗೀತ ಕೊಟ್ಟರು. ಆ ಶೀರ್ಷಿಕೆ ಸಂಗೀತ ಕೇಳಿದರೆ ಇವತ್ತಿಗೂ ಮನಸ್ಸು ಬಾಲ್ಯಕ್ಕೆ ಓಡುತ್ತದೆ. ಆದರೆ ನಿರ್ದೇಶಕರಾಗದೆ, ಕೊನೆಯವರೆಗೂ ಆ ಸಾಲಿನಲ್ಲೇ ಕೂತು ನುಡಿಸಿದವರ ವಿದ್ಯೆ ಯಾವುದರಲ್ಲೂ ಕಡಿಮೆಯದಲ್ಲ. ಕಲಾವಿದರೂ ಅವರ ಮನೆಯವರೂ ಕೊಟ್ಟಿರುವ ವಾದ್ಯ, ನೊಟೇಷನ್ ಹಾಳೆ, ಹಳೆಯ ಫೋಟೊಗಳ ಇಂದಿನ ಪ್ರದರ್ಶನ ಅವರದು.

ಹಾಡಿನ ಜೊತೆ ಇಂಥ ವಾದಕರ ಹೆಸರು ಹಾಕುವುದು ಬರೀ ಮರ್ಯಾದೆಯ ಮಾತಲ್ಲ, ಹಕ್ಕಿನ ಮಾತು ಕೂಡ. ನಮ್ಮ ಕೃತಿಸ್ವಾಮ್ಯ ಕಾಯ್ದೆಗೆ 2012ರಲ್ಲಿ ತಿದ್ದುಪಡಿಯಾದಾಗ ಪ್ರದರ್ಶಕ ಕಲಾವಿದರಿಗೆ ರಾಯಧನದ ಹಕ್ಕು ಬಂತು. ಅದೇ ಕಾಯ್ದೆ ಇನ್ನೊಂದು ಮಾತನ್ನೂ ಹೇಳುತ್ತದೆ: ಸಿನಿಮಾದಲ್ಲಿ ಯಾರ ಪಾತ್ರ ಪ್ರಾಸಂಗಿಕವೋ, ಉದ್ಯಮದ ರೂಢಿಯಂತೆ ಯಾರ ಹೆಸರು ಎಲ್ಲೂ ಕಾಣಿಸುವುದಿಲ್ಲವೋ, ಅವರಿಗೆ ಪ್ರದರ್ಶಕರ ಹಕ್ಕುಗಳಲ್ಲಿ ಬಹುಪಾಲು ಸಿಗುವುದಿಲ್ಲ. ಆದ್ದರಿಂದ ನಿರ್ಮಾಪಕರಲ್ಲಿ, ಆಡಿಯೊ ಕಂಪನಿಗಳಲ್ಲಿ ನನ್ನ ಕಳಕಳಿಯ ವಿನಂತಿ: ನುಡಿಸಿದ ಪ್ರತಿಯೊಬ್ಬರ ಹೆಸರನ್ನೂ ಹಾಕಿ. ಡಿಜಿಟಲ್ ಕಾಲದಲ್ಲಿ ಜಾಗದ ಕೊರತೆಯಿಲ್ಲ. ಕೀಬೋರ್ಡಿನ ಒಂದು ಗುಂಡಿಯೇ ಪಿಟೀಲಿನ ಸಾಲನ್ನು ಕೇಳಿಸುವ ಈ ದಿನಗಳಲ್ಲಿ, ಕೈಯಾರೆ ನುಡಿಸುವವರಿಗೆ ಈ ಮನ್ನಣೆ ಇನ್ನಷ್ಟು ಅಗತ್ಯ.

ಹೆಸರು ಹಾಕುವ ಕೆಲಸ ಇಲ್ಲೂ ಬಾಕಿಯಿದೆ: ಪ್ರದರ್ಶನದಲ್ಲಿರುವ ಹಲವು ಫೋಟೊಗಳ ಕೆಳಗೆ ಖಾಲಿ ಚೀಟಿಗಳನ್ನು ಅಂಟಿಸಿದ್ದಾರೆ. ಮುಖ ಗುರುತಿಸಬಲ್ಲವರು ನಿಮ್ಮಲ್ಲಿ ಇದ್ದೇ ಇದ್ದೀರಿ. ದಯವಿಟ್ಟು ಹೆಸರು ಬರೆಯಿರಿ, ಯಾವ ವಾದ್ಯ ಎಂದೂ ಬರೆಯಿರಿ.

ಈ ಪ್ರದರ್ಶನವನ್ನು ಬಹಳ ಸಂತೋಷದಿಂದ ಉದ್ಘಾಟಿಸುತ್ತಿದ್ದೇನೆ.