ಟ್ಯಾಂಕಿಗೆ ಆಮೆಯೆಂದು ಹೆಸರಿಟ್ಟವರು



ವೈದ್ಯರನ್ನು ಉಪನ್ಯಾಸಕ್ಕೆ ಕರೆದರೆ ರಕ್ತದೊತ್ತಡ, ಕೊಲೆಸ್ಟರಾಲುಗಳ ಮಾತು ಬರುವುದು ವಾಡಿಕೆ. ಇಂದು ತಮಗೆ ಅವುಗಳಿಂದ ಬಿಡುಗಡೆ. ನಾವು ಹೇಳಹೊರಟಿರುವುದು ಅಮೆರಿಕದ ಸೇನೆಯ 4ನೆಯ ಪದಾತಿ ಡಿವಿಷನ್ನಿಗೆ ಸೇರಿದ ಸಂಪರ್ಕದಳ, ಅಂದರೆ 4ನೆಯ ಸಿಗ್ನಲ್ ಕಂಪನಿಯಲ್ಲಿದ್ದ ಕಮಾಂಚಿ ಯುವಕರ ವಿಷಯ.

ರಣರಂಗದಲ್ಲಿ ಟೆಲಿಫೋನಿನ ತಂತಿಗೆ ಶತ್ರುವೂ ಕಿವಿಗೊಡಬಲ್ಲ. ಗೂಢಲಿಪಿಗೆ ಇಳಿಸಿ, ಮತ್ತೆ ಬಿಡಿಸುವಷ್ಟರಲ್ಲಿ ಅಮೂಲ್ಯ ಸಮಯ ಕಳೆದುಹೋಗುತ್ತದೆ. 1918ರ ಅಕ್ಟೋಬರಿನಲ್ಲಿ ಫ್ರಾನ್ಸಿನಲ್ಲಿ 36ನೆಯ ಡಿವಿಷನ್ನಿನವರು ಚೋಕ್ಟಾ ಸೈನಿಕರನ್ನು ಫೋನಿನ ಎರಡು ತುದಿಗಳಲ್ಲಿ ಕೂರಿಸಿ ಅವರ ತಾಯ್ನುಡಿಯಲ್ಲಿಯೇ ಆಜ್ಞೆಗಳನ್ನು ಕಳಿಸಿ ಗೆದ್ದಿದ್ದರು. ಆ ನೆನಪು ಸೇನೆಯಲ್ಲಿ ಉಳಿದಿತ್ತು. ಎರಡನೆಯ ಮಹಾಯುದ್ಧದ ನವಾಹೊ ಯೋಧರನ್ನು ಎಲ್ಲರೂ ಬಲ್ಲರು. ಅವರು ಮರೀನ್ ಪಡೆಯವರು. ಅವರಿಗಿಂತ ಮೊದಲೇ, 1941ರಲ್ಲಿ, ಒಕ್ಲಹೋಮದ 17 ಮಂದಿ ಕಮಾಂಚಿಗಳು ಜಾರ್ಜಿಯದ ಫೋರ್ಟ್ ಬೆನ್ನಿಂಗಿನಲ್ಲಿ ತರಬೇತಿ ಪಡೆದರು.

ಕಮಾಂಚಿ ಭಾಷೆಯಲ್ಲಿ ಯುದ್ಧಯಂತ್ರಗಳಿಗೆ ಹೆಸರಿರಲಿಲ್ಲ. ಲೆಫ್ಟಿನೆಂಟ್ ಹ್ಯೂ ಫಾಸ್ಟರ್ ಸೈನ್ಯದ ಪದಗಳನ್ನು ಮುಂದಿಟ್ಟರು. ಯುವಕರು ತಮ್ಮಲ್ಲೇ ಚರ್ಚಿಸಿ ಸುಮಾರು 250 ಪದಗಳನ್ನು ಕಟ್ಟಿದರು. ಟ್ಯಾಂಕು ಆಮೆಯಾಯಿತು. ಟಕಟಕ ಸದ್ದಿನ ಮೆಷೀನ್‌ಗನ್ ಹೊಲಿಗೆಯ ಯಂತ್ರವಾಯಿತು. ಬಾಂಬರ್ ವಿಮಾನ ಬಸುರಿ ವಿಮಾನ! ಹಿಟ್ಲರನಿಗೆ ಹುಚ್ಚು ಬಿಳಿಯನೆಂಬ ಬಿರುದು. ತರಬೇತಿಯಿಲ್ಲದ ಇನ್ನೊಬ್ಬ ಕಮಾಂಚಿ ಕೇಳಿದರೂ ಯುದ್ಧಭೂಮಿಯಲ್ಲಿ ಆಮೆಗಳಿಗೇನು ಕೆಲಸವೆಂದು ಬೆರಗಾಗಬೇಕಷ್ಟೆ.

1944ರ ಜೂನ್ 6ರಂದು ಈ ಡಿವಿಷನ್ ನಾರ್ಮಂಡಿಯ ಯೂಟಾ ಕಡಲತೀರಕ್ಕೆ ಇಳಿಯಿತು. ಸಮುದ್ರದ ಸೆಳೆತ ದೋಣಿಗಳನ್ನು ಸುಮಾರು 2 ಕಿಲೋಮೀಟರು ದಕ್ಷಿಣಕ್ಕೆ ಒಯ್ದಿತ್ತು. ಬ್ರಿಗೇಡಿಯರ್ ಜನರಲ್ ಥಿಯೋಡರ್ ರೂಸ್‌ವೆಲ್ಟ್ ಜೂನಿಯರ್ ಅವರ ಜೊತೆಗಿದ್ದ ಲ್ಯಾರಿ ಸೌಪಿಟ್ಟಿ ಕಮಾಂಚಿಯಲ್ಲಿ ಕಳಿಸಿದ ಸಂದೇಶದ ಸಾರವಿಷ್ಟು: ಚೆನ್ನಾಗಿಯೇ ಇಳಿದೆವು, ಆದರೆ ತಪ್ಪು ಜಾಗದಲ್ಲಿ. ಮುಂದೆ ರೆಜಿಮೆಂಟಿಗೆ ಇಬ್ಬರಂತೆ ಹಂಚಿಹೋದರು. ತಂತಿ ಹಾಸುವುದು, ಶೆಲ್ಲಿನ ಏಟಿಗೆ ಕಡಿದ ತಂತಿಯನ್ನು ಕತ್ತಲಿನಲ್ಲಿ ತಡಕಿ ಜೋಡಿಸುವುದು ನಿತ್ಯದ ಕಾಯಕ. ಗುಟ್ಟಿನ ಸುದ್ದಿಯಿದ್ದಾಗ ಮಾತು. ಹಲವರು ಗಾಯಗೊಂಡರು, ಯಾರೂ ಮಡಿಯಲಿಲ್ಲ. ಜರ್ಮನರಿಗೆ ಆ ಗುಟ್ಟು ಕೊನೆಗೂ ಒಡೆಯಲಿಲ್ಲ.

ಇವರಲ್ಲೊಬ್ಬರಾದ ಚಾರ್ಲ್ಸ್ ಚಿಬಿಟ್ಟಿ, ಬಾಲ್ಯದಲ್ಲಿ ಸರ್ಕಾರದ ವಸತಿಶಾಲೆಯಲ್ಲಿ ಕಮಾಂಚಿ ಆಡಿದ್ದಕ್ಕೆ ಶಿಕ್ಷೆಯಾಗುತ್ತಿದ್ದುದನ್ನು ಹೇಳಿಕೊಂಡಿದ್ದಾರೆ. ಶಾಲೆ ಅಳಿಸಲು ಹೊರಟದ್ದನ್ನು ಮನೆ ಉಳಿಸಿತ್ತು. ಅದನ್ನೇ ಸೈನ್ಯ ಬೇಡಿ ಬಂತು.

ನಮ್ಮ ಮಕ್ಕಳಿಗೆ ಇಲ್ಲಿ ಯಾರೂ ಕನ್ನಡಕ್ಕಾಗಿ ಶಿಕ್ಷೆ ಕೊಟ್ಟಿಲ್ಲ. ಆದರೂ ಊಟದ ಮೇಜಿನಲ್ಲಿ ನಾವು ಕನ್ನಡದಲ್ಲಿ ಕೇಳಿದ್ದಕ್ಕೆ ಉತ್ತರ ಇಂಗ್ಲಿಷಿನಲ್ಲಿ ಬರುತ್ತದೆ. ಇಂದಿನ ವಿಷಯಗಳಿಗೆ ಕನ್ನಡದಲ್ಲಿ ಪದಗಳೆಲ್ಲಿವೆ ಎಂಬ ಸಮಜಾಯಿಷಿಯೂ ಸಿದ್ಧವಾಗಿದೆ. ಊರಿನಿಂದ ಬಂದ ಹಿರಿಯರಿಗೆ ಬೈಪಾಸ್ ಶಸ್ತ್ರಚಿಕಿತ್ಸೆಯನ್ನು ವಿವರಿಸಬೇಕಾದಾಗ ನಾವು ಹೇಳುವುದು ಇಷ್ಟೆ: ಗದ್ದೆಯ ಕಾಲುವೆ ಹೂಳಿನಿಂದ ಕಟ್ಟಿಕೊಂಡರೆ ಪಕ್ಕದಲ್ಲಿ ಇನ್ನೊಂದು ಕಾಲುವೆ ತೆಗೆಯುತ್ತಾರಲ್ಲವೇ? ಅವರು ತಲೆದೂಗುತ್ತಾರೆ. ನಮ್ಮ ಮೊಮ್ಮಕ್ಕಳು ಆ ವಾಕ್ಯವನ್ನು ಕೇಳಿ ಅರ್ಥಮಾಡಿಕೊಂಡಾರೆಯೇ ಎಂಬುದೇ ನಮ್ಮ ಚಿಂತೆ.

1989ರಲ್ಲಿ ಫ್ರಾನ್ಸ್ ಸರ್ಕಾರ ಉಳಿದಿದ್ದ ಮೂವರನ್ನು ಗೌರವಿಸಿತು. ಕೊನೆಯವರಾದ ಚಿಬಿಟ್ಟಿ 2005ರಲ್ಲಿ ತೀರಿಕೊಂಡರು. ಅಮೆರಿಕದ ಸಂಸತ್ತು 2013ರಲ್ಲಿ ಚಿನ್ನದ ಪದಕ ನೀಡಿದಾಗ ಸ್ವೀಕರಿಸಲು ಆ 17 ಮಂದಿಯಲ್ಲಿ ಒಬ್ಬರೂ ಇರಲಿಲ್ಲ. 1993ರಲ್ಲಿ ಕಮಾಂಚಿಗಳು ಭಾಷೆಗಾಗಿ ಸಮಿತಿಯೊಂದನ್ನು ಕಟ್ಟಿ ಪಾಠ, ನಿಘಂಟುಗಳಲ್ಲಿ ತೊಡಗಿದರು. ಸರಾಗವಾಗಿ ಮಾತನಾಡಬಲ್ಲವರು ಇಂದು ಕೆಲವೇ ಮಂದಿ.

ತಮ್ಮ ಪ್ರಶ್ನೆಗಳಿಗೆ ಈಗ ಅವಕಾಶವಿದೆ.